ನಾನು ಬರೀ ಫಾರ್ವರ್ಡ್ ಮಾಡಿದೆ ಅಷ್ಟೇ

ಕೂತ್ಕೊಳ್ಳಿ. ಚಿಕ್ಕ ಮಕ್ಕಳನ್ನು ಸಂಡೇ ಸ್ಕೂಲ್ ಕೋಣೆಗೆ ಕಳಿಸಿಬಿಡಿ. ಇವತ್ತಿನ ಮಾತು ದೊಡ್ಡವರಿಗೆ, ಅದರಲ್ಲೂ ಕೈಯಲ್ಲಿ ಮೊಬೈಲ್ ಇರುವ ದೊಡ್ಡವರಿಗೆ.

ವಿಮೋಚನಕಾಂಡ 23ನೇ ಅಧ್ಯಾಯ, ಮೊದಲ ಎರಡು ವಚನ. ಸಹೋದರಿ ಈಗ ತಾನೇ ಓದಿದರು, ನೀವೂ ಇನ್ನೊಂದು ಸಾರಿ ಕಣ್ಣಾಡಿಸಿ. ಮೊದಲನೇ ವಚನ ಸುಳ್ಳು ಸುದ್ದಿಯ ಬಗ್ಗೆ ಹೇಳುತ್ತದೆ. ಎರಡನೇ ವಚನ ಗುಂಪಿನ ಜೊತೆ ಸೇರಿ ಕೆಟ್ಟದ್ದು ಮಾಡುವುದರ ಬಗ್ಗೆ. ನಾವು ಇವೆರಡನ್ನೂ ಬೇರೆ ಬೇರೆ ಆಜ್ಞೆ ಅಂತ ಓದಿ ಮುಂದಕ್ಕೆ ಹೋಗ್ತೀವಿ. ಆದರೆ ಪಕ್ಕಪಕ್ಕದಲ್ಲೇ ಯಾಕೆ ಇಟ್ಟಿದ್ದಾರೆ? ಸುದ್ದಿ ಮೊದಲು ಬರುತ್ತದೆ, ಗುಂಪು ಆಮೇಲೆ ಬರುತ್ತದೆ. ಅದರ ಕ್ರಮವೇ ಅದು. ಮೋಶೆಯ ಕಾಲದಲ್ಲೂ ಅದೇ, ನಮ್ಮ ಕಾಲದಲ್ಲೂ ಅದೇ. ಮಧ್ಯದ ಸಮಯ ಮಾತ್ರ ಕಡಿಮೆಯಾಗಿದೆ. ಆಗ ಒಂದು ದಿನ ಬೇಕಿತ್ತೋ ಏನೋ, ಈಗ ಅರ್ಧ ಗಂಟೆ ಸಾಕು.

ಯೂತ್ ಮೀಟಿಂಗಿನಲ್ಲಿ ಒಬ್ಬ ತಮ್ಮ ನನ್ನನ್ನ ಒಂದು ಪ್ರಶ್ನೆ ಕೇಳಿದ. ಒಳ್ಳೇ ಪ್ರಶ್ನೆ, ಹಾರಿಕೆ ಉತ್ತರ ಕೊಟ್ಟು ಕಳಿಸುವಂಥದ್ದಲ್ಲ. "ಪಾಸ್ಟರ್, ವಾಟ್ಸಾಪಲ್ಲಿ ಬರೀ ಮೆಸೇಜ್ ಕಳಿಸಿದ್ದಕ್ಕೆ ಪೊಲೀಸರು ಹಿಡ್ಕೊಂಡು ಹೋಗ್ತಾರಲ್ಲ, ಅದು ನ್ಯಾಯಾನಾ? ಅವನು ಯಾರನ್ನೂ ಹೊಡೆದಿಲ್ಲ. ಬೈದೂ ಇಲ್ಲ. ತನಗೆ ಬಂದದ್ದನ್ನು ಮುಂದಕ್ಕೆ ಕಳಿಸಿದ ಅಷ್ಟೇ." ಅವನಿಗೆ ನಾನು ಅವತ್ತೇ ಪೂರ್ತಿ ಉತ್ತರ ಕೊಡಲಿಲ್ಲ. ಇವತ್ತು ಕೊಡೋಕೆ ಪ್ರಯತ್ನ ಮಾಡ್ತೀನಿ. ಆದರೆ ಉತ್ತರಕ್ಕೆ ಮೊದಲು, ನಡೆದದ್ದನ್ನು ನೋಡಬೇಕು.

2018ನೇ ಇಸವಿ. ನಮ್ಮಲ್ಲಿ ಬಹಳ ಜನರಿಗೆ ನೆನಪಿರುತ್ತದೆ. ಆ ವರ್ಷ ಬೇಸಿಗೆಯಿಂದಲೇ ಒಂದು ವಿಡಿಯೋ ಓಡಾಡ್ತಾ ಇತ್ತು. ಬೀದಿಯಲ್ಲಿ ಮಕ್ಕಳು ಕ್ರಿಕೆಟ್ ಆಡ್ತಿರ್ತಾರೆ. ಬೈಕಿನ ಮೇಲೆ ಇಬ್ಬರು ಬರ್ತಾರೆ. ಒಂದು ಮಗುವನ್ನು ಎತ್ತಿ ಹಾಕ್ಕೊಂಡು ಹೋಗಿಬಿಡ್ತಾರೆ. ಅಷ್ಟೇ, ಅಲ್ಲಿಗೆ ಮುಗೀತು. ಅದರ ಕೆಳಗೆ ಕನ್ನಡದಲ್ಲಿ, ತೆಲುಗಿನಲ್ಲಿ, ತಮಿಳಿನಲ್ಲಿ, ಮರಾಠಿಯಲ್ಲಿ ಒಬ್ಬೊಬ್ಬರು ಒಂದೊಂದು ಬರೆದರು: ಮಕ್ಕಳ ಕಳ್ಳರು ನಮ್ಮ ಜಿಲ್ಲೆಗೆ ಬಂದಿದ್ದಾರೆ, ನೂರಾರು ಜನ ಇದ್ದಾರೆ, ಎಲ್ಲರಿಗೂ ತಿಳಿಸಿ. ಹೆತ್ತವರು ನೋಡಿದರೆ ಎದೆ ನಡುಗದೇ ಇರುತ್ತದಾ?

ಆ ವಿಡಿಯೋ ಭಾರತದ್ದೇ ಅಲ್ಲ. ಪಾಕಿಸ್ತಾನದ ಕರಾಚಿಯಲ್ಲಿ ಕಳೆದುಹೋದ ಮಕ್ಕಳಿಗಾಗಿ ಕೆಲಸ ಮಾಡುವ ರೋಶ್ನಿ ಹೆಲ್ಪ್‌ಲೈನ್ ಅನ್ನುವ ಸಂಸ್ಥೆ, ತಂದೆತಾಯಿಗಳು ಎಚ್ಚರವಾಗಿರಲಿ ಅಂತ ಮಾಡಿಸಿದ ಚಿತ್ರ ಅದು. ಅದರಲ್ಲಿ ನಟರಿದ್ದಾರೆ. ಕೊನೆಯಲ್ಲಿ ಆ ಬೈಕಿನವರು ವಾಪಸ್ ಬಂದು ಮಗುವನ್ನು ಇಳಿಸುತ್ತಾರೆ, ಮಗುವನ್ನು ಕದಿಯೋಕೆ ಒಂದು ಕ್ಷಣ ಸಾಕು ಅನ್ನುವ ಅರ್ಥದ ಫಲಕ ಹಿಡಿದು ತೋರಿಸುತ್ತಾರೆ. ಆ ಕೊನೆಯ ಭಾಗವನ್ನು ಯಾರೋ ಒಬ್ಬರು ಕತ್ತರಿಸಿದರು. ಸುಳ್ಳು ಹೇಳೋಕೆ ಅವರು ಹೊಸದಾಗಿ ಏನನ್ನೂ ಸೇರಿಸಬೇಕಾಗಿರಲಿಲ್ಲ, ಸತ್ಯದ ಬಾಲ ಕತ್ತರಿಸಿದರೆ ಸಾಕಾಯ್ತು. ಸೈತಾನನು ಯೇಸುಸ್ವಾಮಿಯನ್ನು ಶೋಧಿಸುವಾಗ ಕೀರ್ತನೆಯ ಮಾತನ್ನೇ ಹೇಳಿದ, ನೆನಪಿದೆಯಾ? ಪೂರ್ತಿ ಹೇಳಲಿಲ್ಲ.

ಮೇ ತಿಂಗಳಲ್ಲಿ ಬೆಂಗಳೂರಿನ ಚಾಮರಾಜಪೇಟೆಯಲ್ಲಿ, ಹೊಟ್ಟೆಪಾಡಿಗೆ ರಾಜಸ್ಥಾನದಿಂದ ಬಂದಿದ್ದ ಒಬ್ಬ ಯುವಕನನ್ನು ಮಕ್ಕಳ ಕಳ್ಳ ಅಂತ ಜನ ಹೊಡೆದು ಕೊಂದರು. ಜುಲೈ 1ರಂದು ಮಹಾರಾಷ್ಟ್ರದ ಧುಳೆ ಜಿಲ್ಲೆಯ ರೈನ್‌ಪಾಡಾ ಊರಲ್ಲಿ ಅಲೆಮಾರಿ ಸಮುದಾಯದ ಐದು ಜನರನ್ನು ಕೊಂದರು. ಐದು ಜನ. ಭಿಕ್ಷೆ ಬೇಡಿ ಬದುಕುವವರು.

ಆಮೇಲೆ ಜುಲೈ 13, ಶುಕ್ರವಾರ. ನಮ್ಮ ಬೀದರ್ ಜಿಲ್ಲೆ, ಔರಾದ ತಾಲ್ಲೂಕು, ಮುರ್ಕಿ. ಹೈದರಾಬಾದಿನ ಒಬ್ಬ ಸಾಫ್ಟ್‌ವೇರ್ ಇಂಜಿನಿಯರ್ ತನ್ನ ಸ್ನೇಹಿತರ ಜೊತೆ ಆ ಕಡೆ ಬಂದಿದ್ದ. ಅವರಲ್ಲಿ ಒಬ್ಬ ಕತಾರ್ ದೇಶದವನು. ದಾರಿಯಲ್ಲಿ ಗಾಡಿ ನಿಲ್ಲಿಸಿದಾಗ ಮಕ್ಕಳು ಕಂಡರು. ಇವರ ಹತ್ತಿರ ಚಾಕಲೇಟ್ ಇತ್ತು, ಕೊಟ್ಟರು. ಅಷ್ಟೇ ಅವರು ಮಾಡಿದ್ದು. ಮಕ್ಕಳಿಗೆ ಚಾಕಲೇಟ್ ಕೊಟ್ಟರು. ಯಾರೋ ನೋಡಿ ಸಂಶಯಪಟ್ಟರು, ಮಾತಿಗೆ ಮಾತು ಬೆಳೆಯಿತು, ಇವರು ಹೆದರಿ ಕಾರು ಹತ್ತಿ ಹೊರಟರು. ಕಾರಿಗಿಂತ ಮೊದಲು ಸುದ್ದಿ ಮುರ್ಕಿಗೆ ಮುಟ್ಟಿತು, ವಾಟ್ಸಾಪಿನಲ್ಲಿ. ಕಾರು ಅಲ್ಲಿಗೆ ಬರುವಷ್ಟರಲ್ಲಿ ದಾರಿಗೆ ಅಡ್ಡ ಹಾಕಿ ಜನ ಕಾಯ್ತಾ ಇದ್ದರು. ಕಾರು ಉರುಳಿತು. ಆಮೇಲೆ ನಡೆದದ್ದನ್ನು ನಾನು ಈ ವೇದಿಕೆಯಿಂದ ವಿವರಿಸುವುದಿಲ್ಲ. ಬಿಡಿಸೋಕೆ ಹೋದ ಪೊಲೀಸರಿಗೂ ಪೆಟ್ಟು ಬಿತ್ತು. ಆ ಇಂಜಿನಿಯರ್ ಸತ್ತ, ಜೊತೆಯಲ್ಲಿದ್ದವರು ತೀವ್ರವಾಗಿ ಗಾಯಗೊಂಡರು. ಹೊಡೆಯುವುದನ್ನು ಕೂಡ ಜನ ಮೊಬೈಲಿನಲ್ಲಿ ಹಿಡಿದು ಹಂಚಿದರು.

ಆಮೇಲೆ ಪೊಲೀಸರು 30ರ ಆಸುಪಾಸು ಜನರನ್ನು ಬಂಧಿಸಿದರು. ಅವರಲ್ಲಿ ಕೈಯೆತ್ತಿ ಹೊಡೆದವರು ಇದ್ದರು. ಸುದ್ದಿ ಹರಡಿದ ವಾಟ್ಸಾಪ್ ಗುಂಪಿನ ಅಡ್ಮಿನ್ ಕೂಡ ಇದ್ದ.

ಈಗ ಆ ತಮ್ಮನ ಪ್ರಶ್ನೆಗೆ ಬರೋಣ. ಇದರ ಬಗ್ಗೆ ಕಾನೂನು ಏನು ಹೇಳುತ್ತದೆ ಅಂತ ಸ್ವಲ್ಪ ತಿಳಿದುಕೊಳ್ಳಿ, ಯಾಕಂದ್ರೆ ನಮ್ಮವರಲ್ಲಿ ಎರಡು ಥರ ತಪ್ಪು ತಿಳುವಳಿಕೆ ಇದೆ. ಒಂದು, ವಾಟ್ಸಾಪಲ್ಲಿ ಏನು ಮಾಡಿದರೂ ಯಾರಿಗೂ ಗೊತ್ತಾಗಲ್ಲ ಅನ್ನೋದು. ಇನ್ನೊಂದು, ಗುಂಪಿಗೆ ಅಡ್ಮಿನ್ ಆದರೆ ಸಾಕು, ಯಾರು ಏನು ಹಾಕಿದರೂ ಅಡ್ಮಿನ್ನೇ ಜೈಲಿಗೆ ಅನ್ನೋದು. ಎರಡೂ ಸರಿಯಲ್ಲ.

ಅಡ್ಮಿನ್ ವಿಷಯ ಮೊದಲು. 2021ರಲ್ಲಿ ಬಾಂಬೆ ಹೈಕೋರ್ಟಿನ ನಾಗಪುರ ಪೀಠ, 2022ರಲ್ಲಿ ಕೇರಳ ಹೈಕೋರ್ಟ್ ಇದನ್ನು ಸ್ಪಷ್ಟ ಮಾಡಿವೆ. ಬೇರೆಯವರು ಹಾಕಿದ ಮೆಸೇಜಿಗೆ, ಅಡ್ಮಿನ್ ಅನ್ನುವ ಒಂದೇ ಕಾರಣಕ್ಕೆ ಅವನನ್ನು ಅಪರಾಧಿ ಅನ್ನೋಕೆ ಆಗುವುದಿಲ್ಲ. ಅವನ ಕೈವಾಡ ಇರಬೇಕು, ಅವನೂ ಆ ಉದ್ದೇಶದಲ್ಲಿ ಸೇರಿರಬೇಕು. ನಮ್ಮ ಪ್ರಾರ್ಥನಾ ಗುಂಪಿನ ಅಡ್ಮಿನ್ ಅಕ್ಕಂದಿರು ರಾತ್ರಿ ನಿದ್ದೆ ಮಾಡಬಹುದು.

ಇನ್ನು ಗೊತ್ತಾಗಲ್ಲ ಅನ್ನೋ ಮಾತು. ವಾಟ್ಸಾಪ್ ಮೆಸೇಜಿಗೆ ಬೀಗ ಇದೆ, ದಾರಿಯಲ್ಲಿ ಯಾರೂ ತೆಗೆದು ಓದೋಕೆ ಆಗಲ್ಲ, ನಿಜ. ಆದರೆ ನೂರು ಜನರ ಗುಂಪಿನಲ್ಲಿ ಬೀಗದ ಕೈ ನೂರು ಜನರ ಜೇಬಲ್ಲಿದೆ. ಒಬ್ಬನ ಫೋನ್ ಪೊಲೀಸರ ಕೈಗೆ ಸಿಕ್ಕಿದರೆ ಸಾಕು. ಯಾರು ಹಾಕಿದರು, ಎಷ್ಟು ಗಂಟೆ ಎಷ್ಟು ನಿಮಿಷಕ್ಕೆ ಹಾಕಿದರು, ಯಾರು ಏನು ಉತ್ತರ ಕೊಟ್ಟರು, ಎಲ್ಲ ಅಲ್ಲೇ ಇರುತ್ತದೆ. ನೀವು ಅಳಿಸಿದ್ದು ನಿಮ್ಮ ಫೋನಿನಲ್ಲಿ. ಇನ್ನೊಬ್ಬ ಅದರ ಸ್ಕ್ರೀನ್‌ಶಾಟ್ ಇಟ್ಟುಕೊಂಡಿರುತ್ತಾನೆ. ಕೋಣೆಯೊಳಗೆ ಕಿವಿಯಲ್ಲಿ ಹೇಳಿದ್ದು ಮಾಳಿಗೆಯ ಮೇಲೆ ಕೇಳಿಸುತ್ತದೆ ಎಂಬ ಅರ್ಥದಲ್ಲಿ ಕರ್ತನು ಹೇಳಿದ್ದನ್ನು ನಾವು ಕೊನೆಯ ದಿನದ ಬಗ್ಗೆ ಅಂತ ಅಂದುಕೊಂಡಿದ್ದೆವು. ಈಗ ಅದಕ್ಕೆ ಅಷ್ಟು ದಿನ ಕಾಯಬೇಕಾಗಿಲ್ಲ.

2024ರ ಜುಲೈ 1ರಿಂದ ಹಳೇ ದಂಡ ಸಂಹಿತೆ ಹೋಗಿ ಭಾರತೀಯ ನ್ಯಾಯ ಸಂಹಿತೆ ಜಾರಿಗೆ ಬಂದಿದೆ. ಅದರ 353ನೇ ಕಲಂ ನೋಡಿ. ಜನರಲ್ಲಿ ಭಯ ಹುಟ್ಟಿಸಿ ಶಾಂತಿ ಕದಡುವಂಥ ಸುಳ್ಳು ಸುದ್ದಿ, ಗಾಳಿಮಾತು ಹರಡಿದರೆ 3 ವರ್ಷದವರೆಗೆ ಜೈಲು. ಮೊಬೈಲು, ಇಂಟರ್‌ನೆಟ್ಟು ಎಲ್ಲವೂ ಸೇರಿ. ಪಂಗಡ ಪಂಗಡಗಳ ಮಧ್ಯೆ ದ್ವೇಷ ಹುಟ್ಟಿಸುವ ಅಂಥ ಮಾತನ್ನು ಆರಾಧನೆಯ ಸ್ಥಳದಲ್ಲಿ, ಆರಾಧನೆಗೆ ಸೇರಿದ ಸಭೆಯಲ್ಲಿ ಹೇಳಿದರೆ 5 ವರ್ಷದವರೆಗೆ. ಕೇಳಿಸಿತಾ? ದೇವರ ಆಲಯದಲ್ಲಿ ನಿಂತು ಹೇಳುವವನಿಗೆ ಕಾನೂನೇ ಹೆಚ್ಚು ಭಾರ ಹಾಕಿದೆ. ಅದು ಸರಿ ಅಂತಲೇ ನನಗನ್ನಿಸುತ್ತದೆ, ಈ ಮೈಕ್ ಹಿಡಿದು ನಿಂತವನಾಗಿ ಹೇಳ್ತಾ ಇದ್ದೀನಿ. ಅದೇ ಕಲಂನಲ್ಲಿ ಇನ್ನೊಂದು ಮಾತೂ ಇದೆ. ಅದು ನಿಜ ಅಂತ ನಂಬೋಕೆ ತಕ್ಕ ಕಾರಣ ಇದ್ದು, ಕೆಟ್ಟ ಉದ್ದೇಶ ಇಲ್ಲದೆ, ಒಳ್ಳೇ ಮನಸ್ಸಿನಿಂದ ಹೇಳಿದವನಿಗೆ ಅದು ಅಪರಾಧ ಅಲ್ಲ. ಈ "ತಕ್ಕ ಕಾರಣ" ಅನ್ನುವ ಮಾತನ್ನು ನೆನಪಲ್ಲಿ ಇಟ್ಟುಕೊಳ್ಳಿ, ಆಮೇಲೆ ಬೇಕಾಗುತ್ತದೆ.

ಬಂಧಿಸಿದ್ದೆಲ್ಲ ನ್ಯಾಯ ಅಂತ ನಾನು ಹೇಳ್ತಿಲ್ಲ. 2012ರಲ್ಲಿ ಮಹಾರಾಷ್ಟ್ರದ ಪಾಲ್ಘರ್‌ನಲ್ಲಿ ಇಬ್ಬರು ಹುಡುಗಿಯರನ್ನು ಹಿಡಿದರು. ಒಬ್ಬಳು ಫೇಸ್‌ಬುಕ್ಕಿನಲ್ಲಿ ಊರು ಬಂದ್ ಮಾಡಿದ್ದು ಯಾಕೆ ಅಂತ ಕೇಳಿದ್ದಳು, ಇನ್ನೊಬ್ಬಳು ಅದಕ್ಕೆ ಲೈಕ್ ಒತ್ತಿದ್ದಳು. ಅಂಥ ಬಂಧನಗಳಿಗೆ ದಾರಿಯಾಗಿದ್ದ 66ಎ ಕಲಂ ಅನ್ನು 2015ರ ಮಾರ್ಚ್ 24ರಂದು ಸುಪ್ರೀಂ ಕೋರ್ಟ್ ರದ್ದು ಮಾಡಿತು. ಯೋಸೇಫನೂ ಸೆರೆಮನೆಯಲ್ಲಿದ್ದ, ಪೌಲ ಸೀಲರ ಕಾಲಿಗೂ ಕೋಳ ಬಿತ್ತು. ಕೈಗೆ ಬೇಡಿ ಬಿದ್ದ ತಕ್ಷಣ ಮನುಷ್ಯ ಪಾಪಿ ಆಗಲ್ಲ. ಹಾಗಾದರೆ ಅದರ ಇನ್ನೊಂದು ಮಗ್ಗುಲನ್ನೂ ಒಪ್ಪಬೇಕಲ್ಲ: ಬೇಡಿ ಬೀಳಲಿಲ್ಲ ಅಂದ ಮಾತ್ರಕ್ಕೆ ನಿರಪರಾಧಿ ಆಗೋದೂ ಇಲ್ಲ. ನಾನು ಇವತ್ತು ಮಾತಾಡಬೇಕಾಗಿರೋದು ಆ 30 ಜನರ ಬಗ್ಗೆ ಅಲ್ಲ. ಅವರಿಗೆ ಕೋರ್ಟ್ ಇದೆ. ಆ ಕರಾಚಿಯ ವಿಡಿಯೋವನ್ನು ಆ ಮೂರು ತಿಂಗಳಲ್ಲಿ ಮುಂದಕ್ಕೆ ಕಳಿಸಿದ ಲಕ್ಷಾಂತರ ಜನ ಇದ್ದಾರಲ್ಲ, ಯಾವ ಪೊಲೀಸರೂ ಅವರ ಮನೆ ಬಾಗಿಲಿಗೆ ಬರಲಿಲ್ಲ. ಅವರ ಬಗ್ಗೆ.

ಮೊದಲನೇ ಅರಸುಗಳು 21ನೇ ಅಧ್ಯಾಯಕ್ಕೆ ಬನ್ನಿ. ನಾಬೋತನ ದ್ರಾಕ್ಷೇ ತೋಟ. ಎಲ್ಲರಿಗೂ ಗೊತ್ತಿರುವ ಕಥೆ, ಆದರೆ ಇವತ್ತು ಒಂದು ವಿಷಯ ಮಾತ್ರ ನೋಡಿ. ಈಜೆಬೆಲ್ ನಾಬೋತನನ್ನು ಮುಟ್ಟಿದಳಾ? ಇಲ್ಲ. ಅವನ ಊರಿಗೆ ಹೋದಳಾ? ಅದೂ ಇಲ್ಲ. ಅವಳು ಮಾಡಿದ್ದು ಇಷ್ಟೇ, ಪತ್ರ ಬರೆದಳು. ತನ್ನ ಹೆಸರಲ್ಲಿ ಅಲ್ಲ, ಗಂಡನ ಹೆಸರಲ್ಲಿ. ಅವನ ಮುದ್ರೆ ಒತ್ತಿದಳು. ಇವತ್ತಿನ ಭಾಷೆಯಲ್ಲಿ ಹೇಳಬೇಕಂದ್ರೆ ಬೇರೆಯವರ ಡಿಪಿ ಹಾಕಿಕೊಂಡು ಮೆಸೇಜ್ ಕಳಿಸಿದಳು. ಊರಿನ ಹಿರಿಯರ ಗುಂಪಿಗೆ ಕಳಿಸಿದಳು. ಅದರಲ್ಲಿ ಉಪವಾಸ ಪ್ರಕಟಿಸಿರಿ ಅಂತ ಬೇರೆ ಬರೆದಿದ್ದಳು. ಸುಳ್ಳಿಗೆ ಭಕ್ತಿಯ ಬಟ್ಟೆ ತೊಡಿಸೋದು ಹಳೇ ಕಾಲದಿಂದಲೂ ಇದೆ, ಇವತ್ತಿನ ಫಾರ್ವರ್ಡಿನ ಕೊನೆಯಲ್ಲಿ "ಆಮೆನ್ ಅಂತ ಟೈಪ್ ಮಾಡಿ" ಅಂತ ಇರುತ್ತಲ್ಲ, ಹಾಗೆ.

ಈಗ ಆ ಹಿರಿಯರನ್ನು ನೋಡಿ. ನಾಬೋತ ಅವರ ಊರಿನವನೇ. ಅವನ ಅಪ್ಪನನ್ನು ಬಲ್ಲವರು ಇದ್ದಿರಬೇಕು, ಅವನ ತೋಟದ ಹಣ್ಣು ತಿಂದವರು ಇದ್ದಿರಬೇಕು. ಪತ್ರ ಬಂತು. ಒಬ್ಬನಾದರೂ "ಇದು ನಿಜವಾ? ನಾವು ನಾಬೋತನನ್ನೇ ಒಂದು ಮಾತು ಕೇಳೋಣ" ಅಂದನಾ? ಅಧ್ಯಾಯ ಪೂರ್ತಿ ಓದಿ, ಯಾರೂ ಕೇಳಲಿಲ್ಲ. ಪತ್ರದಲ್ಲಿ ಏನಿತ್ತೋ ಅದನ್ನೇ ಮಾಡಿದರು. ಜನರು ಕಲ್ಲೆಸೆದರು. ಆಮೇಲೆ ಹಿರಿಯರು ಅರಮನೆಗೆ ಉತ್ತರ ಕಳಿಸಿದರು: ನಾಬೋತ ಸತ್ತ. ಹೋಗುವಾಗ ಒಂದು ಮೆಸೇಜು, ಬರುವಾಗ ಒಂದು ಮೆಸೇಜು, ನಡುವೆ ಒಂದು ಹೆಣ.

ಎಲೀಯನನ್ನು ದೇವರು ಯಾರ ಹತ್ತಿರ ಕಳಿಸಿದರು? ಕಲ್ಲೆಸೆದವರ ಹತ್ತಿರ ಅಲ್ಲ. ಅಹಾಬನ ಹತ್ತಿರ. ಅವನು ಪತ್ರವನ್ನೂ ಬರೆದಿರಲಿಲ್ಲ, ಮುಖ ಗೋಡೆಗೆ ತಿರುಗಿಸಿಕೊಂಡು ಊಟ ಬಿಟ್ಟು ಮಲಗಿದ್ದ. ಆದರೂ ಪ್ರವಾದಿ ಅವನ ಮೇಲೆ ಹೊರಿಸಿದ್ದು ಸುಳ್ಳಿನ ಅಪರಾಧ ಅಲ್ಲ, ಕೊಲೆಯ ಅಪರಾಧ. ದೇವರ ಲೆಕ್ಕದಲ್ಲಿ ಕಲ್ಲು ಎಷ್ಟು ದೂರದಿಂದ ಹೊರಟಿತು ಅನ್ನೋದು ಮುಖ್ಯವಾಗಲೇ ಇಲ್ಲ.

ಇಲ್ಲಿ ನೀವು ಒಂದು ಆಕ್ಷೇಪಣೆ ಎತ್ತಬಹುದು, ಎತ್ತಬೇಕು ಕೂಡ. "ಪಾಸ್ಟರ್, ಈಜೆಬೆಲ್‌ಗೆ ಸುಳ್ಳು ಅಂತ ಗೊತ್ತಿತ್ತು. 2018ರಲ್ಲಿ ಆ ವಿಡಿಯೋ ಕಳಿಸಿದ ತಾಯಿಗೆ ಗೊತ್ತಿರಲಿಲ್ಲ. ಅವಳು ಹೆದರಿದ್ದಳು. ತಂಗಿಯ ಮಕ್ಕಳು ಹುಷಾರಾಗಿರಲಿ ಅಂತ ಕಳಿಸಿದಳು. ಅವಳನ್ನೂ ಈಜೆಬೆಲ್ ಪಕ್ಕದಲ್ಲಿ ನಿಲ್ಲಿಸ್ತೀರಾ?" ಇಲ್ಲ, ನಿಲ್ಲಿಸೋದಿಲ್ಲ. ಹಾಗೆ ನಿಲ್ಲಿಸಿದರೆ ಅದೂ ಒಂದು ಸುಳ್ಳು ಸಾಕ್ಷಿಯೇ. ಪ್ರೀತಿಯಿಂದ ಕಳಿಸಿದ್ದಕ್ಕೂ ದ್ವೇಷದಿಂದ ಕಳಿಸಿದ್ದಕ್ಕೂ ವ್ಯತ್ಯಾಸ ಇದೆ, ನಮ್ಮ ದೇವರು ಹೃದಯ ನೋಡುವ ದೇವರು.

ಆದರೆ ವ್ಯತ್ಯಾಸ ಇದೆ ಅನ್ನೋದು ಒಂದು ಮಾತು, ಏನೂ ಆಗೇ ಇಲ್ಲ ಅನ್ನೋದು ಇನ್ನೊಂದು ಮಾತು. ಧರ್ಮೋಪದೇಶಕಾಂಡ 19ನೇ ಅಧ್ಯಾಯದಲ್ಲಿ ಒಬ್ಬ ಮನುಷ್ಯ ಬರ್ತಾನೆ. ಸ್ನೇಹಿತನ ಜೊತೆ ಸೌದೆ ಕಡಿಯೋಕೆ ಕಾಡಿಗೆ ಹೋಗಿದ್ದಾನೆ. ಕೊಡಲಿ ಎತ್ತಿದ, ಕೊಡಲಿಯ ತಲೆ ಕಾವಿನಿಂದ ಕಳಚಿ ಹಾರಿ ಸ್ನೇಹಿತನಿಗೆ ಬಿತ್ತು, ಅವನು ಸತ್ತ. ದ್ವೇಷ ಇರಲಿಲ್ಲ. ದೇವರು ಅವನನ್ನು ಕೊಲೆಗಾರ ಅನ್ನಲಿಲ್ಲ, ಅವನ ಪ್ರಾಣ ಉಳಿಯಲಿ ಅಂತ ಆಶ್ರಯ ನಗರಗಳನ್ನೇ ಕಟ್ಟಿಸಿದರು. ಎಷ್ಟು ಕರುಣೆ! ಆದರೆ ಅರಣ್ಯಕಾಂಡ 35 ಕೂಡ ಓದಬೇಕು. ಅವನು ಆ ನಗರ ಬಿಟ್ಟು ಬರುವ ಹಾಗಿಲ್ಲ. ಮಹಾಯಾಜಕ ಸಾಯುವ ತನಕ ಅಲ್ಲೇ ಇರಬೇಕು. ಹತ್ತು ವರ್ಷವೋ, ಮೂವತ್ತು ವರ್ಷವೋ. ಅವನ ಹೊಲ ಇನ್ನೊಬ್ಬ ಉಳುತ್ತಾನೆ. "ಬೇಕು ಅಂತ ಮಾಡಿದ್ದಲ್ಲ ತಾನೇ, ಮನೆಗೆ ಹೋಗಪ್ಪಾ" ಅಂತ ದೇವರು ಹೇಳಲಿಲ್ಲ. ಯಾಕೆ? ಒಂದು ಮನೆಯಲ್ಲಿ ಒಬ್ಬ ಮನುಷ್ಯ ಇಲ್ಲವಾಗಿದ್ದಾನೆ. ಉದ್ದೇಶ ಒಳ್ಳೆಯದಿತ್ತು ಅನ್ನುವುದರಿಂದ ಅವನು ಎದ್ದು ಬರುವುದಿಲ್ಲ.

ನೋಡಿ, ನಮ್ಮ ಬಹಳ ಜನರ ಮನಸ್ಸಿನಲ್ಲಿ ಎರಡೇ ಪೆಟ್ಟಿಗೆ ಇರೋದು, ಅಪರಾಧಿ ಅನ್ನೋದು ಒಂದು, ನಿರಪರಾಧಿ ಅನ್ನೋದು ಇನ್ನೊಂದು. ಪೊಲೀಸರು ಬಂದರೆ ಮೊದಲನೆಯದು, ಬರದಿದ್ದರೆ ಎರಡನೆಯದು. ದೇವರ ವಾಕ್ಯದಲ್ಲಿ ಮೂರನೆಯದೊಂದು ಇದೆ. ಕೊಡಲಿ ಜಾರಿದವನ ಜಾಗ. ಫಾರ್ವರ್ಡ್ ಮಾಡಿದ ಆ ತಾಯಿ ಅಲ್ಲಿ ನಿಲ್ಲುತ್ತಾಳೆ.

ಅಲ್ಲಿಗೂ ಮುಗಿಯಲಿಲ್ಲ. ವಿಮೋಚನಕಾಂಡ 21ರಲ್ಲಿ ಹಾಯುವ ಎತ್ತಿನ ಕಾನೂನು ಇದೆ, ನಮ್ಮ ರೈತ ಸಹೋದರರಿಗೆ ಬೇಗ ಅರ್ಥ ಆಗುತ್ತದೆ. ಎತ್ತು ಒಬ್ಬನನ್ನು ಹಾಯ್ದು ಕೊಂದರೆ ಯಜಮಾನನ ಮೇಲೆ ದೋಷ ಇಲ್ಲ. ಆದರೆ ಅದಕ್ಕೆ ಮೊದಲಿಂದಲೂ ಹಾಯುವ ಚಾಳಿ ಇದ್ದು, ಜನ ಬಂದು ಯಜಮಾನನಿಗೆ ಹೇಳಿದ್ದರೂ ಅವನು ಕಟ್ಟಿಹಾಕಲಿಲ್ಲ ಅಂದರೆ? ಆಗ ಯಜಮಾನನ ಮೇಲೆಯೇ ರಕ್ತಾಪರಾಧ. ಎತ್ತು ಅದೇ, ಕೊಂಬು ಅದೇ, ಸತ್ತವನೂ ಸತ್ತವನೇ. ಬದಲಾದದ್ದು ಒಂದೇ, ಯಜಮಾನನಿಗೆ ಗೊತ್ತಿತ್ತು.

2018ರ ಮೇ ತಿಂಗಳಲ್ಲಿ ಈ ಎತ್ತು ಹಾಯುತ್ತದೆ ಅಂತ ಬಹಳ ಜನರಿಗೆ ಗೊತ್ತಿರಲಿಲ್ಲ ಅನ್ನಬಹುದು, ಒಪ್ಪಿಕೊಳ್ತೀನಿ. ಆದರೆ ಮುರ್ಕಿ ಆದ ಮೇಲೆ? ಆ ಜುಲೈ ತಿಂಗಳಲ್ಲೇ ವಾಟ್ಸಾಪ್ ಕಂಪನಿ ಫಾರ್ವರ್ಡ್ ಆದದ್ದಕ್ಕೆ ಗುರುತು ಹಾಕಿತು, ಭಾರತದಲ್ಲಿ ಒಂದು ಸಾರಿಗೆ ಐದು ಕಡೆಗೆ ಮಾತ್ರ ಕಳಿಸಬಹುದು ಅಂತ ಮಿತಿ ಪ್ರಕಟಿಸಿತು. ಮುರ್ಕಿಯ ಘಟನೆ ಆಗಿ ನಾಲ್ಕನೇ ದಿನ, ಜುಲೈ 17ಕ್ಕೆ, ಗುಂಪು ಹತ್ಯೆಯ ಬಗ್ಗೆ ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟು, ಜನರನ್ನು ಕೆರಳಿಸುವ ಮೆಸೇಜು, ವಿಡಿಯೋ ಹರಡುವವರ ಮೇಲೆ ಕೇಸು ಹಾಕಬೇಕು ಅಂತ ಪೊಲೀಸರಿಗೆ ಹೇಳಿತು. 2020ರ ಏಪ್ರಿಲ್‌ನಲ್ಲಿ, ಕೈಯಿಂದ ಕೈಗೆ ಬಹಳ ಸಾರಿ ದಾಟಿ ಬಂದದ್ದನ್ನು ಒಂದು ಸಾರಿಗೆ ಒಂದೇ ಕಡೆ ಕಳಿಸಬಹುದು ಅಂತಾಯಿತು. ನಿಮ್ಮ ಫೋನಿನಲ್ಲಿ ಎರಡು ಬಾಣದ ಗುರುತು ಬರುತ್ತಲ್ಲ, ಅದು ಏನು ಅಂದುಕೊಂಡಿದ್ದೀರಿ? ಊರಿನವರು ಬಾಗಿಲಿಗೆ ಬಂದು "ಅಣ್ಣಾ, ನಿನ್ನ ಎತ್ತು ಹಾಯುತ್ತೆ, ಕಟ್ಟಿಹಾಕು" ಅಂತ ಹೇಳೋದು ಅದು. ಕಾನೂನಿನ "ತಕ್ಕ ಕಾರಣ" ಅನ್ನುವ ಮಾತು ನೆನಪಿಡಿ ಅಂದಿದ್ದೆ. ಎರಡು ಬಾಣ ನೋಡಿಯೂ, ಯಾರು ಬರೆದರೋ ಎಲ್ಲಿಯದೋ ಗೊತ್ತಿಲ್ಲದೆಯೂ, "ನಿಜ ಅಂತ ನಂಬಿದ್ದೆ" ಅನ್ನುವವನ ನಂಬಿಕೆಗೆ ಯಾವ ಕಾರಣ ಇದೆ? ಬಂದದ್ದನ್ನೆಲ್ಲ ನಂಬೋದು ವಿಶ್ವಾಸ ಅಲ್ಲ, ಪ್ರಿಯರೇ. ಬೆರೋಯದವರು ಪೌಲನ ಬೋಧನೆಯನ್ನೇ ಹೌದೋ ಅಲ್ಲವೋ ಅಂತ ದಿನಾಲೂ ಪರಿಶೋಧಿಸಿದರು. ಅಪೊಸ್ತಲನ ಮಾತಿಗೇ ಪರಿಶೋಧನೆ. ಅದಕ್ಕೆ ಅವರನ್ನು ಸತ್ಯವೇದ ಮೆಚ್ಚಿ ಹೇಳುತ್ತದೆ.

ಸ್ವಲ್ಪ ನಗುವ ವಿಷಯ, ಸ್ವಲ್ಪ ನಾಚಿಕೆಯ ವಿಷಯ ಹೇಳ್ತೀನಿ. ಅಫ್ಘಾನಿಸ್ತಾನದಲ್ಲಿ 22 ಮಿಷನರಿಗಳಿಗೆ ನಾಳೆ ಮರಣದಂಡನೆ, ತುರ್ತಾಗಿ ಪ್ರಾರ್ಥಿಸಿ, ಎಲ್ಲ ಸಭೆಗಳಿಗೂ ಕಳಿಸಿ ಅನ್ನುವ ಮೆಸೇಜ್ ನಿಮಗೆ ಬಂದಿರಬಹುದು. ಅದು 2009ರ ಸುಮಾರಿನಿಂದ ಎಸ್ಎಂಎಸ್ ಕಾಲದಲ್ಲೂ ತಿರುಗಿತು, ವಾಟ್ಸಾಪ್ ಕಾಲದಲ್ಲೂ ತಿರುಗ್ತಾ ಇದೆ. ಪ್ರತಿ ಸಾರಿಯೂ "ನಾಳೆ". ಪ್ರತಿ ಸಾರಿಯೂ 22 ಜನ. ಅದು ಸುಳ್ಳು ಅಂತ ಎಷ್ಟೋ ಸಾರಿ ತಿಳಿಸಿ ಆಗಿದೆ. "ಪ್ರಾರ್ಥನೆ ತಾನೇ, ಅದರಲ್ಲೇನು ತಪ್ಪು" ಅಂತೀರಿ. ಪ್ರಾರ್ಥನೆಯಲ್ಲಿ ತಪ್ಪಿಲ್ಲ. ಕೈಗೆ ಅಭ್ಯಾಸ ಆಗುತ್ತಲ್ಲ, ಅದು ತಪ್ಪು. ವಿಚಾರಿಸದೆ ಕಳಿಸುವ ಅಭ್ಯಾಸ ಪ್ರಾರ್ಥನೆಯ ಮೆಸೇಜಿನಲ್ಲಿ ಶುರುವಾಗುತ್ತೆ, ಮಕ್ಕಳ ಕಳ್ಳರ ಮೆಸೇಜು ಬಂದ ದಿನ ಬೆರಳು ಅದೇ ಜಾಗಕ್ಕೆ ತಾನಾಗಿ ಹೋಗುತ್ತೆ.

ಇನ್ನೊಬ್ಬ ಮನುಷ್ಯನನ್ನು ಬಿಟ್ಟು ಹೋಗೋಕೆ ಆಗೋದಿಲ್ಲ. ಸ್ತೆಫನನ ಮೇಲೆ ಕಲ್ಲೆಸೆಯುವಾಗ ಅಲ್ಲಿ ಒಬ್ಬ ಯೌವನಸ್ಥ ನಿಂತಿದ್ದ, ಸೌಲ ಅಂತ. ಅವನು ಒಂದು ಕಲ್ಲೂ ಎಸೆಯಲಿಲ್ಲ. ಎಸೆಯುವವರ ಬಟ್ಟೆ ಕಾಯ್ದ. ಗುಂಪಿನಲ್ಲಿ ಇರ್ತಾರಲ್ಲ, ತಾವು ಏನೂ ಬರೆಯಲ್ಲ, ಬೇರೆಯವರು ಬೆಂಕಿ ಹಚ್ಚಿದಾಗ ಒಂದು ಹೆಬ್ಬೆರಳಿನ ಗುರುತು ಒತ್ತುತ್ತಾರೆ, ಒಂದು ಕೈಮುಗಿಯುವ ಗುರುತು ಹಾಕ್ತಾರೆ. ಬಟ್ಟೆ ಕಾಯುವವರು. ಯಾವ ನ್ಯಾಯಸಭೆಯೂ ಸೌಲನನ್ನು ಅದಕ್ಕಾಗಿ ಹಿಡಿಯಲಿಲ್ಲ. ಆದರೆ ಅಪೊಸ್ತಲರ ಕೃತ್ಯಗಳು 22ನೇ ಅಧ್ಯಾಯಕ್ಕೆ ಬಂದರೆ, ಎಷ್ಟೋ ವರ್ಷ ಆದ ಮೇಲೆ, ಯೆರೂಸಲೇಮಿನಲ್ಲಿ ತನ್ನನ್ನೇ ಕೊಲ್ಲೋಕೆ ಬಂದ ಗುಂಪಿನ ಮುಂದೆ ನಿಂತು ಅವನು ತಾನಾಗಿಯೇ ಬಾಯಿಬಿಟ್ಟು ಹೇಳ್ತಾನೆ: ಸ್ತೆಫನನ ರಕ್ತ ಸುರಿದಾಗ ನಾನು ಅಲ್ಲಿದ್ದೆ, ಒಪ್ಪಿದ್ದೆ, ಬಟ್ಟೆ ಕಾಯ್ತಿದ್ದೆ ಅಂತ. ಕರ್ತನು ಕ್ಷಮಿಸಿಯಾಗಿತ್ತು. ದೀಕ್ಷಾಸ್ನಾನ ಆಗಿತ್ತು. ಸಭೆಗಳನ್ನು ಕಟ್ಟಿಯಾಗಿತ್ತು. ಆದರೂ ಅವನು "ನಾನು ಕಲ್ಲು ಎಸೆದಿರಲಿಲ್ಲ" ಅಂತ ಹೇಳಲಿಲ್ಲ. ನಿಜವಾಗಿ ಎಸೆದೇ ಇರಲಿಲ್ಲ. ಆದರೂ ಹೇಳಲಿಲ್ಲ.

ಇನ್ನು ಕಷ್ಟದ ಮಾತು. ಕೆಲವು ತಂದೆತಾಯಿಗಳು ರಾತ್ರಿ ಹತ್ತು ಗಂಟೆಗೆ ಪಾಸ್ಟರ್ ಮನೆಗೆ ಬರ್ತಾರೆ. ಮಗನನ್ನು ಠಾಣೆಗೆ ಕರೆಸಿದ್ದಾರೆ, ಏನೋ ಗುಂಪಿನಲ್ಲಿ ಏನೋ ಹಾಕಿದ್ದನಂತೆ, ಕೇಸು ಬಿದ್ದುಹೋಗಲಿ ಅಂತ ಎಣ್ಣೆ ಹಚ್ಚಿ ಪ್ರಾರ್ಥನೆ ಮಾಡಿ ಅಂತಾರೆ. ಅವರ ಕಣ್ಣೀರು ನಿಜ. ನಾನು ಪ್ರಾರ್ಥನೆ ಮಾಡ್ತೀನಿ. ಠಾಣೆಗೆ ಜೊತೆಯಲ್ಲಿ ಬರ್ತೀನಿ, ಒಳ್ಳೇ ವಕೀಲರನ್ನು ಹುಡುಕಿ ಕೊಡ್ತೀನಿ, ಜೈಲಿಗೆ ಹೋದರೆ ನೋಡೋಕೂ ಬರ್ತೀನಿ. ಸೆರೆಯಲ್ಲಿದ್ದವನನ್ನು ನೋಡಲು ಬರದವರಿಗೆ ಕರ್ತನು ಏನು ಹೇಳುತ್ತಾನೆ ಅಂತ ಮತ್ತಾಯ 25ರಲ್ಲಿ ಇದೆ. ಆದರೆ ಸಾಕ್ಷಿ ಮಾಯವಾಗಲಿ ಅಂತ ಪ್ರಾರ್ಥಿಸೋದಿಲ್ಲ. "ಫೋನ್ ಕೆರೆಗೆ ಎಸಿ, ಗುಂಪು ಡಿಲೀಟ್ ಮಾಡು" ಅಂತ ಮಗನಿಗೆ ಬುದ್ಧಿ ಹೇಳುವ ಅಪ್ಪ ಅವನನ್ನು ಉಳಿಸ್ತಾ ಇಲ್ಲ, ಸಾಕ್ಷ್ಯ ನಾಶ ಅನ್ನುವ ಇನ್ನೊಂದು ಅಪರಾಧವನ್ನು ಅವನ ತಲೆಗೆ ಕಟ್ತಾ ಇದ್ದಾನೆ. ತಾನೂ ಅದರಲ್ಲಿ ಸೇರ್ತಾನೆ. ಹುಡುಗ ತಪ್ಪು ಮಾಡಿಲ್ಲ ಅಂದರೆ ಆ ಫೋನೇ ಅವನ ಪರವಾಗಿ ಮಾತಾಡುತ್ತದೆ. ತಪ್ಪು ಮಾಡಿದ್ದರೆ, ದೇವರ ಕ್ಷಮೆ ಅವನಿಗೆ ಸಿಗುತ್ತದೆ, ಆದರೆ ಆ ಕ್ಷಮೆ ಜಾಮೀನಲ್ಲ. ಇನ್ನೊಂದು ಮನೆಯಲ್ಲೂ ಒಬ್ಬ ತಾಯಿ ಇದ್ದಾಳೆ. ಅವಳ ಮಗನ ವಿಷಯದಲ್ಲಿ ಕ್ಷಮಿಸುವ ಹಕ್ಕು ನನಗೂ ಇಲ್ಲ, ನಿಮಗೂ ಇಲ್ಲ.

ಕಳಿಸಿಬಿಟ್ಟಿದ್ದೀನಿ, ಈಗ ಏನು ಮಾಡಲಿ ಅಂತ ಕೇಳುವವರಿಗೆ: ಜಕ್ಕಾಯನನ್ನು ನೋಡಿ. ಅವನು ಮನೆಯೊಳಗೆ ಮೊಣಕಾಲೂರಿ ಅತ್ತು ಸುಮ್ಮನಾಗಲಿಲ್ಲ, ಯಾರಿಂದ ತೆಗೆದುಕೊಂಡಿದ್ದನೋ ಅವರಿಗೇ ನಾಲ್ಕರಷ್ಟು ತಿರುಗಿ ಕೊಡ್ತೀನಿ ಅಂದ. ಯಾವ ಗುಂಪಿಗೆ ಸುಳ್ಳು ಹೋಗಿತ್ತೋ ಅದೇ ಗುಂಪಿಗೆ ನಿಜ ಹೋಗಬೇಕು. "ನಿನ್ನೆ ನಾನು ಕಳಿಸಿದ್ದು ಸುಳ್ಳು, ಮುಂದೆ ಕಳಿಸಬೇಡಿ, ನೀವು ಕಳಿಸಿದವರಿಗೂ ಹೇಳಿ" ಅಂತ ನಿಮ್ಮ ಹೆಸರಿನಲ್ಲೇ ಬರೆಯಿರಿ. ಸುಮ್ಮನೆ ಅಳಿಸಿಬಿಡೋದು ಸುಲಭ, ಆದರೆ ಓದಿದವರ ತಲೆಯೊಳಗೆ ಅದು ಅಳಿಯೋದಿಲ್ಲ. ನಾಲ್ಕು ಜನ ನಗ್ತಾರೆ. ನಗಲಿ.

ಮಗು ನಿಜವಾಗಿಯೂ ಕಾಣೆಯಾಗಿದೆ, ಯಾರೋ ನಿಜವಾಗಿಯೂ ಮಗುವನ್ನು ಎಳೆದುಕೊಂಡು ಹೋಗ್ತಿದ್ದಾರೆ ಅನ್ನಿಸಿದರೆ ಸುಮ್ಮನಿರಿ ಅಂತ ನಾನು ಹೇಳ್ತಾ ಇಲ್ಲ. 112ಕ್ಕೆ ಫೋನ್ ಮಾಡಿ. ಮಕ್ಕಳ ಸಹಾಯವಾಣಿ 1098, ಅದು ಪುಕ್ಕಟೆ. ಇವೆರಡನ್ನೂ ಈಗಲೇ ಸೇವ್ ಮಾಡ್ಕೊಳ್ಳಿ, ಮಾಡ್ಕೊಂಡಿರಾ? ವಾಟ್ಸಾಪ್ ಗುಂಪಿಗೆ ಹಾಕಿದರೆ ಮೊದಲು ಬರೋದು ಸಿಟ್ಟಿನ ಜನ. ಈ ನಂಬರಿಗೆ ಮಾಡಿದರೆ ಬರೋದು, ವಿಚಾರಿಸುವ ಜವಾಬ್ದಾರಿ ಇರುವ ಜನ. ನಮ್ಮ ಪ್ರಾರ್ಥನಾ ಗುಂಪಿನಲ್ಲಿ ಇವತ್ತಿನಿಂದ ಒಂದು ಕ್ರಮ ಇರಲಿ. ಯಾರಿಗಾದರೂ ಅಪಾಯ, ಯಾರಾದರೂ ಕಳ್ಳರು, ಯಾವುದೋ ಜನಾಂಗದವರು ಹೀಗೆ ಮಾಡಿದರು ಅನ್ನುವ ಯಾವ ಮೆಸೇಜೂ ಕಳಿಸಿದವರ ಸ್ವಂತ ಕಣ್ಣು ನೋಡಿದ್ದಾಗಿರಬೇಕು, ಇಲ್ಲವಾದರೆ ಹಾಕೋ ಹಾಗಿಲ್ಲ. ಹಾಕಿದರೆ ಅಡ್ಮಿನ್ ಸಹೋದರಿ ತೆಗೀತಾರೆ, ಆಮೇಲೆ ಅವರ ಮೇಲೆ ಮುನಿಸಿಕೊಂಡು ನನ್ನ ಹತ್ತಿರ ದೂರು ತರಬೇಡಿ.

ಎದ್ದು ನಿಲ್ಲಿ. ಪಿಯಾನೋ ಸಹೋದರ, ಸ್ವಲ್ಪ ಮೆಲ್ಲಗೆ. ಮೊದಲು ಹೈದರಾಬಾದಿನ ಆ ಮನೆಗಾಗಿ ಪ್ರಾರ್ಥಿಸೋಣ. ಚಾಮರಾಜಪೇಟೆಯಲ್ಲಿ ಸತ್ತ ಆ ಯುವಕನ ಮನೆಗಾಗಿ, ರೈನ್‌ಪಾಡಾದ ಐದು ಮನೆಗಳಿಗಾಗಿ. ಮುರ್ಕಿಯಲ್ಲಿ ಪೆಟ್ಟು ತಿಂದು ಬಿಡಿಸೋಕೆ ನಿಂತ ಆ ಪೊಲೀಸರಿಗಾಗಿ, ಬಂಧನವಾದವರ ಹೆಂಡತಿ ಮಕ್ಕಳಿಗಾಗಿ. ಆಮೇಲೆ ನಿಮ್ಮ ನಿಮ್ಮ ಜಾಗದಲ್ಲೇ, ಜೋರಾಗಿ ಅಲ್ಲ, ನೀವು ಕಳಿಸಿದ್ದು ಏನಾದರೂ ನೆನಪಿಗೆ ಬಂದಿದ್ದರೆ ಅದನ್ನು ಕರ್ತನಿಗೆ ಹೇಳಿ. ಹೇಳಿದ ಮೇಲೆ ಆ ಗುಂಪಿಗೂ ಬರೆಯಿರಿ. ನಾವು ಕಾಯ್ತೀವಿ.